ಕುದುರೆಯೇರಿ ಹೊರಟುಹೋಗುವುದು

ಮೊನ್ನೆ ಮೊಮ್ಮಗಳಿಗೆಂದು ಕೊಂಡು ತಂದ ಹೊಸ ಇಂಗ್ಲಿಷ್ ನಿಘಂಟಿನಲ್ಲಿ ನನ್ನ ಕ್ರಿಯಾಪದ ಇರಲಿಲ್ಲ. ಹೊಸ ಪುಸ್ತಕ ಕೈಗೆ ಬಂದರೆ ಕೆಲವರು ಮೂಗಿನ ಹತ್ತಿರ ಹಿಡಿದು ವಾಸನೆ ನೋಡುತ್ತಾರೆ, ಕೆಲವರು ಬೆನ್ನು ತಿರುಗಿಸಿ ಬೆಲೆ ನೋಡುತ್ತಾರೆ. ನಾನು ಮಾತ್ರ ನಿಘಂಟು ಸಿಕ್ಕೊಡನೆ ಅದರ ಮೊದಲ ಹಾಳೆಗಳನ್ನು ತಿರುವಿ, ಒಂದೇ ಒಂದು ಶಬ್ದಕ್ಕಾಗಿ ಬೆರಳಾಡಿಸಿ, ಅದು ಅಲ್ಲಿಲ್ಲವೆಂದು ಖಾತ್ರಿಯಾದ ಮೇಲೆ ಹೊಟ್ಟೆ ತುಂಬ ಉಂಡವನ ಸಮಾಧಾನದಿಂದ ಮುಚ್ಚಿಡುತ್ತೇನೆ. ಅಂಗಡಿಯವರು ಏನು ಹುಡುಕುತ್ತಿದ್ದೀರಿ ಎಂದು ಕೇಳಿದರೆ, ಇಲ್ಲದಿರುವುದನ್ನು ಹುಡುಕುತ್ತಿದ್ದೆ, ಅದು ಇಲ್ಲ, ಉಪಕಾರವಾಯಿತು ಎಂದು ಹೇಳಿ ಬಂದದ್ದೂ ಉಂಟು. ವಯಸ್ಸಾದವರ ಮಾತಿಗೆ ಈಗ ಯಾರೂ ಅರ್ಥ ಕೇಳುವುದಿಲ್ಲ, ಅದೊಂದು ಅನುಕೂಲ.

ಆ ಶಬ್ದ ‘ಅಬೆಕ್ವಿಟೇಟ್’. ಕುದುರೆಯೇರಿ ಹೊರಟುಹೋಗುವುದು ಎಂದು ಅದರ ಅರ್ಥ. ಲ್ಯಾಟಿನ್ನಿನಿಂದ ಎಳೆದು ತಂದದ್ದು. ಮೊದಲ ತುಂಡಿಗೆ ‘ದೂರಕ್ಕೆ’ ಎಂಬ ಅರ್ಥ, ನಡುವಿನ ತುಂಡಿನಲ್ಲಿ ಒಂದು ಕುದುರೆ ನಿಂತಿದೆ, ಆ ಕುದುರೆ ನಮ್ಮ ಸಂಸ್ಕೃತದ ಅಶ್ವಕ್ಕೆ ದೂರದ ದಾಯಾದಿ ಎಂದು ಬಲ್ಲವರು ಹೇಳುತ್ತಾರೆ. ಕೆಲವು ಶತಮಾನಗಳ ಹಿಂದೆ ಯಾರೋ ಒಬ್ಬ ನಿಘಂಟುಕಾರ ಇದನ್ನು ತನ್ನ ಪುಸ್ತಕದಲ್ಲಿ ಸೇರಿಸಿದನಂತೆ, ಅವನನ್ನು ನೋಡಿ ಇನ್ನೊಬ್ಬ ಬರೆದುಕೊಂಡನಂತೆ, ಹೀಗೆ ನಿಘಂಟಿನಿಂದ ನಿಘಂಟಿಗೆ ಮಾತ್ರ ಪ್ರಯಾಣ ಮಾಡಿದ ಈ ಶಬ್ದವನ್ನು ಹಾಡುಹಗಲಿನಲ್ಲಿ ಒಬ್ಬ ಮನುಷ್ಯ ಇನ್ನೊಬ್ಬ ಮನುಷ್ಯನಿಗೆ ಹೇಳಿದ ಕುರುಹು ಎಲ್ಲಿಯೂ ಇಲ್ಲವಂತೆ. ನನಗೆ ಆ ಮೊದಲ ನಿಘಂಟುಕಾರನ ಮೇಲೆ ಅಪಾರ ಪ್ರೀತಿ. ಮಂಜು ಕವಿದ ಯಾವುದೋ ಊರಿನಲ್ಲಿ ದೀಪದ ಮುಂದೆ ಕುಳಿತು, ತನ್ನ ದೇಶದ ಜನ ಬರೀ ‘ಹೋದ’ ಎನ್ನುತ್ತಾರಲ್ಲ, ಕುದುರೆಯ ಮೇಲೆ ಹೋದವನಿಗೆ ಅಷ್ಟೇ ಸಾಕೇ ಎಂದು ಮರುಗಿ, ಈ ಭವ್ಯವಾದ ಕ್ರಿಯಾಪದವನ್ನು ಕಟ್ಟಿ ಬಾಗಿಲಲ್ಲಿ ನಿಲ್ಲಿಸಿದ. ಏರುವವರು ಯಾರೂ ಬರಲಿಲ್ಲ. ಕೊನೆಗೆ ಒಬ್ಬನು ಏರಿದ, ಅವನು ಇಂಗ್ಲಿಷರ ದೇಶವನ್ನು ನಕಾಶೆಯಲ್ಲಿ ಮಾತ್ರ ನೋಡಿದ್ದ, ಕುದುರೆಯನ್ನಂತೂ ಟಾಂಗಾದ ಹಿಂಬದಿಯಿಂದ ಮಾತ್ರ ನೋಡಿದ್ದ, ಮತ್ತು ಅವನು ನಾನೇ ಎಂಬುದನ್ನು ಹೆಮ್ಮೆಯಿಂದಲೂ ಸಂಕೋಚದಿಂದಲೂ ಹೇಳಿಕೊಳ್ಳುತ್ತೇನೆ.

ಆ ಶಬ್ದ ನನಗೆ ಸಿಕ್ಕಿದ್ದು ಹುಮನಾಬಾದಿನಲ್ಲಿ, ನಿಜಾಮರ ಆಳಿಕೆಯ ಕೊನೆಕೊನೆಯ ವರ್ಷಗಳಲ್ಲಿ. ದೂರದಲ್ಲೆಲ್ಲೋ ಮಹಾಯುದ್ಧ ನಡೆದಿತ್ತು. ಅದರ ಬಿಸಿ ನಮಗೆ ತಟ್ಟಿದ್ದು ಸೀಮೆಎಣ್ಣೆಯ ಅಭಾವದಲ್ಲಿ, ಮತ್ತು ಪೆಟ್ರೋಲಿಲ್ಲದೆ ಇದ್ದಿಲಿನ ಹೊಗೆಯ ಬಲದಿಂದ ಏದುಸಿರು ಬಿಡುತ್ತ ಓಡುವ ಮೋಟಾರುಗಳಲ್ಲಿ. ಬಸ್ಸಿಗೆ ನಾವು ಆಗ ಮೋಟಾರು ಎನ್ನುತ್ತಿದ್ದೆವು. ಮನೆಯಲ್ಲಿ ಕನ್ನಡ, ಶಾಲೆಯಲ್ಲಿ ಉರ್ದು, ಪೇಟೆಯಲ್ಲಿ ಎರಡಕ್ಕೂ ಮರಾಠಿಯ ಒಗ್ಗರಣೆ. ಇಂಗ್ಲಿಷ್ ಎಂಬುದು ಹೈದರಾಬಾದಿನಲ್ಲಿ ವಾಸವಾಗಿದ್ದು ವರ್ಷಕ್ಕೊಮ್ಮೆ ತಪಾಸಣೆಗೆ ಬರುವ ದೊಡ್ಡ ಸಾಹೇಬರ ಹಾಗೆ ನಮ್ಮಿಂದ ಗೌರವವನ್ನು ಪಡೆಯುತ್ತಿತ್ತೇ ಹೊರತು ಸಲಿಗೆಯನ್ನಲ್ಲ. ಗುಲಬರ್ಗಾದಲ್ಲಿ ನಾಲ್ಕು ಅಕ್ಷರ ಹೆಚ್ಚಿಗೆ ಓದಿದ್ದೆನೆಂಬ ಕಾರಣಕ್ಕೆ ನಾನು ಆ ಭಾಷೆಯ ಮಾಸ್ತರನಾಗಿ ನೇಮಕಗೊಂಡಿದ್ದೆ. ನನ್ನ ಬಂಡವಾಳವೆಂದರೆ ಹೈದರಾಬಾದಿನ ರಸ್ತೆಬದಿಯಲ್ಲಿ ಕೊಂಡ ಒಂದು ಪುರಾತನ ನಿಘಂಟು. ಅದರ ಮುಕ್ಕಾಲು ಪಾಲನ್ನು ನನಗಿಂತ ಮೊದಲೇ ಗೆದ್ದಲುಗಳು ಅಭ್ಯಾಸ ಮಾಡಿದ್ದವು. ಉಳಿದದ್ದು ಮೊದಲ ನಾಲ್ಕು ಅಕ್ಷರಗಳು, ಅದರಲ್ಲಿ ನಾಲ್ಕನೆಯದೂ ಅರ್ಧ. ಹೀಗಾಗಿ ‘ಎ’ಯಿಂದ ‘ಡಿ’ಯವರೆಗೆ ನನ್ನ ಪಾಂಡಿತ್ಯ ಲಂಡನ್ನಿನವರನ್ನೂ ತಬ್ಬಿಬ್ಬು ಮಾಡುವಂಥದು, ‘ಇ’ ಅಕ್ಷರದಿಂದ ಮುಂದೆ ನಾನು ಸಾಮಾನ್ಯ ಮನುಷ್ಯ.

ಬೇಸಿಗೆಯ ಮಧ್ಯಾಹ್ನ, ಶಾಲೆ ಬಿಟ್ಟ ಮೇಲೆ, ಧಾನ್ಯದ ಪೇಟೆಯ ಕಡೆಗೆ ತೆರೆದ ಕಿಟಕಿಯ ಕಟ್ಟೆಯ ಮೇಲೆ ಕುಳಿತು ಆ ನಿಘಂಟನ್ನು ಓದುತ್ತಿದ್ದೆ. ಹೊರಗೆ ಜೋಳದ ಚೀಲಗಳ ನೆರಳಿನಲ್ಲಿ ಹಮಾಲರು ಮಲಗಿರುತ್ತಿದ್ದರು; ಗಾಳಿಯಲ್ಲಿ ತೊಗರಿಯ ಧೂಳು ಬಂಗಾರದ ಬಣ್ಣ ತಾಳಿ ಸುಮ್ಮನೆ ತೇಲುತ್ತಿತ್ತು. ಅಂಥ ಹೊತ್ತಿನಲ್ಲಿ ಈ ಶಬ್ದ ಕಣ್ಣಿಗೆ ಬಿತ್ತು. ಎರಡು ಸಲ ಮೆಲ್ಲಗೆ ಅಂದುಕೊಂಡೆ, ಗಟ್ಟಿ ನೆಲದ ಮೇಲೆ ಗೊರಸಿನ ಸದ್ದು ಕೇಳಿದಂತಾಯಿತು. ಯಾರೋ ಒಬ್ಬ ಸವಾರ ಸಂಜೆಯ ಬೆಳಕಿನಲ್ಲಿ ಬೆನ್ನು ತಿರುಗಿಸಿ ಹೋಗುತ್ತಿದ್ದಾನೆ, ಎಲ್ಲಿಗೆಂದು ಹೇಳಿಲ್ಲ, ಅವನಿಗೇ ಗೊತ್ತಿರಲಿಕ್ಕಿಲ್ಲ. ಮುಖ ಕಾಣುವುದಿಲ್ಲ, ರುಮಾಲಿನ ತುದಿ ಮಾತ್ರ ಹಾರುತ್ತಿದೆ. ಎಷ್ಟೋ ದಿನ ಆ ಸವಾರ ನನ್ನ ಕಣ್ಣ ಮುಂದೆ ಹೋಗುತ್ತಲೇ ಇದ್ದ. ತರಗತಿಯಲ್ಲಿ ಹುಡುಗರು ಕ್ರಿಯಾಪದದ ರೂಪಗಳನ್ನು ಒಪ್ಪಿಸುವಾಗಲೂ ನಾನು ಕಿಟಕಿಯಾಚೆಯ ದಾರಿಯನ್ನು ನೋಡುತ್ತ ಅವನ ಧೂಳು ಅಡಗುವುದನ್ನು ಕಾಯುತ್ತಿದ್ದೆ. ಬಡಪಾಯಿ ಹುಡುಗರು ಇದನ್ನು ಗಂಭೀರ ಚಿಂತನೆ ಎಂದು ತಿಳಿದಿದ್ದರು.

ಇಷ್ಟರಲ್ಲಿ ನನಗೆ ಹೆಣ್ಣು ನೋಡುವ ಏರ್ಪಾಡಾಯಿತು. ಹೆಣ್ಣು ಕಲ್ಯಾಣಿಯದು, ಇಂದಿನ ಬಸವಕಲ್ಯಾಣವನ್ನು ನಾವು ಆಗ ಕಲ್ಯಾಣಿ ಎಂದೇ ಕರೆಯುತ್ತಿದ್ದೆವು. ಹುಡುಗಿಯ ತಂದೆ ಅಲ್ಲಿ ಜಹಗೀರಿನ ಕಚೇರಿಯಲ್ಲಿ ವಕೀಲರು, ಉರ್ದು ಫಾರಸಿಗಳಲ್ಲಿ ಪಳಗಿದವರು, ಮಾತಿನ ರಸಿಕರು. ಹೆಣ್ಣು ನೋಡುವ ಶಾಸ್ತ್ರವೆಂದು ಹೆಸರಾದರೂ ನಿಜವಾಗಿ ನೋಡಿಸಿಕೊಂಡವನು ನಾನು. ಹುಡುಗಿ ಕಾಶಮ್ಮ ಬಂದು ತಟ್ಟೆ ಇಟ್ಟು ಒಳಗೆ ಹೋದಳು, ನಾನು ಆಕೆಯ ಕೈಬಳೆ ಮಾತ್ರ ನೋಡಿದೆ. ಆಮೇಲೆ ಪಡಸಾಲೆಯ ತುಂಬ ಕುಳಿತ ಹಿರಿಯರ ಎದುರು ವಕೀಲರು ನನ್ನ ಕಡೆ ತಿರುಗಿದರು.

“ಮಾಸ್ತರ್ರ, ಇಲ್ಲಿ ಕುಂತ ಯಾರಿಗೂ ಗೊತ್ತಿಲ್ಲದ್ದು ಒಂದು ಇಂಗ್ಲಿಷ್ ಲಫ್ಜ್ ಹೇಳ್ರಿ ನೋಡೂಣು,” ಎಂದರು.

ಅಲ್ಲಿ ಕುಳಿತವರಿಗೆ ಇಂಗ್ಲಿಷಿನ ಯಾವ ಶಬ್ದವೂ ಗೊತ್ತಿರಲಿಲ್ಲವಾದ್ದರಿಂದ ‘ಬೆಕ್ಕು’ ಎಂಬುದರ ಇಂಗ್ಲಿಷ್ ಹೇಳಿ ಪಾರಾಗಬಹುದಿತ್ತು. ಆದರೆ ವಿದ್ಯಾವಂತನಿಗೆ ಪರೀಕ್ಷೆಯ ಹೊತ್ತಿನಲ್ಲಿ ಬುದ್ಧಿ ಕೈಕೊಡುವುದು ಹೊಸದೇನಲ್ಲ. ನಾನು ಗಂಟಲು ಸರಿಮಾಡಿಕೊಂಡು ‘ಅಬೆಕ್ವಿಟೇಟ್’ ಎಂದೆ; ಕುದುರೆ ಹತ್ತಿ ಹೊರಟುಹೋಗುವುದು ಎಂದು ಅರ್ಥವನ್ನೂ ಬಿಡಿಸಿದೆ. ವಕೀಲರು ‘ವಾಹ್ ವಾಹ್’ ಎಂದು ತೊಡೆ ತಟ್ಟಿದರು. ಅವರ ಅಣ್ಣ ಮಾತ್ರ, ಆ ಮನೆಯಲ್ಲಿ ಎಲ್ಲರೂ ದೊಡ್ಡಪ್ಪ ಎಂದು ಕರೆಯುತ್ತಿದ್ದ ಬಿಗಿ ಮುಖದ ಹಿರಿಯರು, ಎಲೆ ಅಡಿಕೆ ಜಗಿಯುವುದನ್ನು ನಿಲ್ಲಿಸಿದರು.

“ಹೊಂಟು ಹೋಗಿ, ಆಮ್ಯಾಲ?” ಎಂದು ಕೇಳಿದರು.

“ಆಮ್ಯಾಲ ಏನೂ ಇಲ್ರಿ. ಹೊಂಟು ಹೋಗೂದು, ಅಷ್ಟ,” ಎಂದೆ ನಾನು, ನಿಘಂಟಿಗೆ ನಿಷ್ಠನಾಗಿ.

ದೊಡ್ಡಪ್ಪ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ ಮತ್ತೆ ಜಗಿಯತೊಡಗಿದರು. ಅಂತೂ ಮದುವೆ ನಿಶ್ಚಯವಾಯಿತು.

ನಮ್ಮ ಕಡೆಯ ಪದ್ಧತಿಯಂತೆ ವರನು ಹೆಣ್ಣಿನ ಊರಿಗೆ ಬಂದು, ಹನುಮಪ್ಪನ ಗುಡಿಯಲ್ಲಿ ಕೈಮುಗಿದು, ಅಲ್ಲಿಂದ ಕುದುರೆಯ ಮೇಲೆ ಮೆರವಣಿಗೆಯಲ್ಲಿ ಮದುವೆಯ ಹಂದರಕ್ಕೆ ಬರಬೇಕು. ಮುಹೂರ್ತ ಗೋಧೂಳಿಯದು. ಆದರೆ ಅದು ಮದುವೆಗಳ ಹಂಗಾಮು, ಸುತ್ತಿನ ಊರುಗಳ ಮೆರವಣಿಗೆಯ ಕುದುರೆಗಳೆಲ್ಲ ಮೊದಲೇ ಮಾತಾಗಿ ಹೋಗಿದ್ದವು. ಕೊನೆಗೆ ವಕೀಲರ ಕಡೆಯವರು ಟಾಂಗಾ ಹೊಡೆಯುವ ಮೌಲಾಸಾಬನ ಹತ್ತಿರ ಹೋಗಿ, ಆತನ ಬಿಳಿ ಹೆಣ್ಣುಗುದುರೆಯನ್ನು ಟಾಂಗಾದಿಂದ ಬಿಚ್ಚಿಸಿ, ಮೈ ತೊಳೆಸಿ, ಜರಿಯ ಹೊದಿಕೆ ಹೊದಿಸಿ, ಹಣೆಗೆ ತುರಾಯಿ ಕಟ್ಟಿಸಿ ತಂದರು. ಅದರ ಹೆಸರು ಬಿಜಲಿ. ಮಿಂಚೆಂಬ ಆ ಹೆಸರನ್ನು ಅದು ಎಂದೂ ಮನಸ್ಸಿಗೆ ಹಚ್ಚಿಕೊಂಡಿರಲಿಲ್ಲ. ಮಹಾ ಸಾಧು ಪ್ರಾಣಿ, ಅಂಜುಬುರುಕನಾದ ಮಾಸ್ತರನಿಗೆ ಹೇಳಿ ಮಾಡಿಸಿದ ಕುದುರೆ ಎಂದು ಎಲ್ಲರೂ ಮೆಚ್ಚಿದರು.

ಈ ಬಿಜಲಿಗೆ ಒಂದು ದಿನಚರಿ ಇತ್ತು. ಹೈದರಾಬಾದಿನಿಂದ ಸೊಲ್ಲಾಪುರದ ಕಡೆ ಹೋಗುವ ದೊಡ್ಡ ಸಡಕು ಕಲ್ಯಾಣಿ ಊರೊಳಗೆ ಬರುವುದಿಲ್ಲ, ದೂರದಲ್ಲೇ ಹಾದುಹೋಗುತ್ತದೆ. ಹುಮನಾಬಾದಿನ ಕಡೆಯಿಂದ ಬರುವ ಸಂಜೆಯ ಮೋಟಾರು ಆ ಸಡಕಿನ ತಿರುವಿನಲ್ಲಿ ಕಲ್ಯಾಣಿಯವರನ್ನು ಇಳಿಸಿ ಮುಂದೆ ಹೋಗುತ್ತಿತ್ತು. ಕಚೇರಿಯಲ್ಲಿ ಸಂಜೆಯ ಗಂಟೆ ಬಾರಿಸಿದೊಡನೆ ಮೌಲಾಸಾಬ ಟಾಂಗಾ ಹೊರಡಿಸಿ, ತಿರುವಿನ ಬೇವಿನ ಮರದ ಕೆಳಗೆ ನಿಂತು, ಮೋಟಾರು ಬಂದ ಮೇಲೆ ಇಳಿದವರನ್ನು ಕೂರಿಸಿಕೊಂಡು ಊರಿಗೆ ಮರಳುತ್ತಿದ್ದ. ವರ್ಷಗಟ್ಟಲೆ ಇದೇ ದಾರಿ, ಇದೇ ಹೊತ್ತು. ಮೌಲಾಸಾಬ ಎಷ್ಟೋ ಸಲ ಲಗಾಮು ಮಡಿಲಲ್ಲಿಟ್ಟು ತೂಕಡಿಸುತ್ತಿದ್ದ, ಬಿಜಲಿಯೇ ಹೋಗಿ ಬಿಜಲಿಯೇ ಬರುತ್ತಿತ್ತು. ಇದು ಇಡೀ ಕಲ್ಯಾಣಿಗೆ ಗೊತ್ತು. ಆದರೆ ಮದುವೆಯ ಗಡಿಬಿಡಿಯಲ್ಲಿ ಕುದುರೆಯ ದಿನಚರಿ ಯಾರ ತಲೆಗೆ ಹೊಳೆಯಬೇಕು, ನೀವೇ ಹೇಳಿ. ಪಂಚಾಂಗ ನೋಡಿ ಮುಹೂರ್ತ ತೆಗೆದ ಶಾಸ್ತ್ರಿಗಳೂ ಮೋಟಾರಿನ ಹೊತ್ತನ್ನು ನೋಡಿರಲಿಲ್ಲ.

ಗುಡಿಯ ಮುಂದೆ ನನ್ನನ್ನು ನಾಲ್ವರು ಸೇರಿ ಎತ್ತಿ ಕುದುರೆಯ ಮೇಲೆ ಕೂರಿಸಿದರು. ಹಣೆಗೆ ಬಾಸಿಂಗ, ಕೊರಳಲ್ಲಿ ಮಾಲೆ, ಕೈಯಲ್ಲಿ ನಿಂಬೆಹಣ್ಣು ಚುಚ್ಚಿದ ಚೂರಿ. ನಮ್ಮ ಅಜ್ಜಿ, ಆಕೆಯನ್ನು ನಾವು ಆಯಿ ಎನ್ನುತ್ತಿದ್ದೆವು, ಕೆಳಗಿನಿಂದಲೇ ಬೆರಳೆತ್ತಿ ತಾಕೀತು ಮಾಡಿದಳು.

“ನೋಡಪ್ಪ, ಹಂದರದ ಬಾಗಲಾ ಮುಟ್ಟೂತನ ನೆಲಕ್ಕ ಕಾಲಿಡಬ್ಯಾಡ. ಏನಾರ ಆಗಲಿ, ಇಳೀಬ್ಯಾಡ. ಇಳದ್ರ ಅಪಶಕುನ ಆಗ್ತಾದ!”

ನಾನು ತಲೆಯಾಡಿಸಿದೆ. ಸನಾದಿ ಹಿಡಿದವರು ಉಸಿರು ತುಂಬಿಕೊಂಡರು. ಆಗ ವಕೀಲರ ಕಡೆಯವರು ಕುದುರೆಯ ಯಜಮಾನನಿಗೆ ಮರ್ಯಾದೆ ಮಾಡಬೇಕೆಂದು ಮೌಲಾಸಾಬನಿಗೊಂದು ಹೊಸ ರುಮಾಲು ಕೊಟ್ಟರು. ಆತ ಸಂತೋಷದಿಂದ ಎರಡೂ ಕೈಯೆತ್ತಿ ಅದನ್ನು ತಲೆಗೆ ಸುತ್ತಿಕೊಳ್ಳತೊಡಗಿದ. ಲಗಾಮು ಅವನ ಕೈಯಲ್ಲಿರಲಿಲ್ಲ, ನನ್ನ ಕೈಯಲ್ಲಂತೂ ನಿಂಬೆಹಣ್ಣಿತ್ತು. ಅದೇ ಹೊತ್ತಿಗೆ ಕಚೇರಿಯ ಗಂಟೆ ಬಾರಿಸಿತು. ಬಿಜಲಿ ಒಮ್ಮೆ ಕಿವಿ ನಿಮಿರಿಸಿ, ಮೆರವಣಿಗೆಯ ಕಡೆಗೆ ಬೆನ್ನು ತಿರುಗಿಸಿ, ಎಂದಿನ ಕರ್ತವ್ಯಕ್ಕೆ ಎಂದಿನ ಹೆಜ್ಜೆಯಲ್ಲಿ ಹೊರಟಿತು. ಟಾಂಗಾದ ಭಾರವಿಲ್ಲದ್ದರಿಂದ ಆ ಹೆಜ್ಜೆ ಬಹುಬೇಗ ಓಟವಾಯಿತು. ಹಿಂದಿನಿಂದ “ಹಿಡೀರಿ, ಹಿಡೀರಿ!” ಎಂಬ ಕೂಗು ಕೇಳಿತು, ಮೌಲಾಸಾಬ ಅರ್ಧ ಸುತ್ತಿದ ರುಮಾಲನ್ನು ಎಳೆದುಕೊಂಡು ಓಡಿ ಬರುತ್ತಿದ್ದುದು ಕಂಡಿತು, ಆಮೇಲೆ ಅದೂ ಕಾಣದಾಯಿತು.

ಮೊದಲು ಹೆದರಿದೆ, ಕೊರಳಿನ ಕೂದಲನ್ನು ಹಿಡಿದುಕೊಂಡು ಮನೆದೇವರನ್ನೆಲ್ಲ ಕರೆದೆ. ಆದರೆ ಕೊನೆಯ ಮನೆಗಳು ಹಿಂದೆ ಸರಿದು, ಹಳೆಯ ಗುಮ್ಮಟಗಳು ಹಿಂದೆ ಸರಿದು, ಸನಾದಿಯ ಸದ್ದು ಹುಳುವಿನ ಗುಂಯ್‌ಗುಟ್ಟುವಿಕೆಯಷ್ಟಾಗಿ ಕೊನೆಗೆ ಇಲ್ಲವಾದ ಮೇಲೆ, ಏನಾಯಿತೆಂದು ಹೇಗೆ ಹೇಳಲಿ, ನನಗೆ ಹೆದರಿಕೆ ಮರೆತೇ ಹೋಯಿತು. ಜೋಳ ಕೊಯ್ದು ಬರಿದಾದ ಹೊಲಗಳ ಮೇಲೆ ಸಂಜೆಯ ಬಿಸಿಲು ಅಡ್ಡಡ್ಡ ಬಿದ್ದಿತ್ತು. ಕಣಿಕೆದಂಟಿನ ಬಣಿವೆಗಳು ಉದ್ದುದ್ದ ನೆರಳು ಚಾಚಿ ಒಂದರ ಕಾಲ ಬಳಿ ಒಂದು ಮಲಗಿದ್ದವು. ಸಡಕಿನ ಕೆಂಪು ಧೂಳು ನನ್ನ ಸುತ್ತ ಎದ್ದು, ಬೆಳಕನ್ನು ಕುಡಿದು, ನಾನು ನೆಲಕ್ಕೂ ಆಕಾಶಕ್ಕೂ ಸೇರದ ಯಾವುದೋ ಮಧ್ಯದ ಲೋಕದಲ್ಲಿ ತೇಲಿದಂತಿತ್ತು. ಬಾಸಿಂಗದ ಮುತ್ತುಗಳು ಕಣ್ಣ ಮುಂದೆ ತೂಗಾಡಿ ಹೊಲಗಳೆಲ್ಲ ಚೂರುಚೂರಾಗಿ ಕಾಣುತ್ತಿದ್ದವು. ಮಾಸ್ತರಿಕೆ, ಮದುವೆ, ಹುಮನಾಬಾದಿನ ಕಿಟಕಿಯ ಕಟ್ಟೆ, ಯಾವುದೂ ನನ್ನದೆನಿಸಲಿಲ್ಲ. ಆ ಮುಖ ಕಾಣದ ಸವಾರನ ಮುಖ ನನ್ನದೇ ಇರಬಹುದೇ ಎಂದು ಒಂದು ಕ್ಷಣ ಅನಿಸಿತು. ಆ ದಾರಿಯಷ್ಟು ಚೆಂದದ ದಾರಿಯನ್ನು ನಾನು ಆಮೇಲೆ ನೋಡಿಲ್ಲ, ಆಮೇಲೆ ಅದೇ ದಾರಿಯಲ್ಲಿ ಎಷ್ಟು ಸಲ ಓಡಾಡಿದ್ದರೂ.

ತಿರುವಿನ ಬೇವಿನ ಮರದ ಕೆಳಗೆ ಬಿಜಲಿ ತಾನಾಗಿ ನಿಂತಿತು. ಅಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ. ಇಳಿದು ಲಗಾಮು ಹಿಡಿದು ಕುದುರೆಯನ್ನು ತಿರುಗಿಸಬಹುದಿತ್ತು, ಆದರೆ ಆಯಿಯ ಬೆರಳು ಕಣ್ಣ ಮುಂದೆ ಬಂತು. ಕುಳಿತಲ್ಲಿಂದಲೇ ನಾನು ಬಲ್ಲ ಎಲ್ಲ ಭಾಷೆಗಳಲ್ಲಿ ಬಿಜಲಿಗೆ ವಿನಂತಿಸಿಕೊಂಡೆ, ಇಂಗ್ಲಿಷಿನಲ್ಲಿ ಕೂಡ. ಅದು ಬಾಲ ಬೀಸಿ ನೊಣ ಓಡಿಸಿತು. ಹೀಗೆ ಬಾಸಿಂಗ ಕಟ್ಟಿಕೊಂಡು ಚೂರಿ ಹಿಡಿದುಕೊಂಡು ಅಡವಿಯಲ್ಲಿ ಕುದುರೆಯ ಮೇಲೆ ಕುಳಿತ ನನ್ನನ್ನು ದೂರದಿಂದ ಕಂಡ ಒಬ್ಬ ಕುರಿ ಕಾಯುವವನು ಕುರಿಗಳನ್ನು ಬೇರೆ ಕಡೆಗೆ ಹೊಡೆದುಕೊಂಡು ಹೋದ. ಕೊನೆಗೆ ಹೊಗೆ ಉಗುಳುತ್ತ ಮೋಟಾರು ಬಂತು. ಅದರಿಂದ ಇಳಿದವರು ಯಾರೆಂದುಕೊಂಡಿರಿ? ಬೆಳಿಗ್ಗೆ ನಮ್ಮ ದಿಬ್ಬಣದ ಜೊತೆ ಹೊರಡಲಾಗದೆ ಹುಮನಾಬಾದಿನಲ್ಲೇ ಉಳಿದಿದ್ದ ನನ್ನ ಕಾಕಾ, ನಮ್ಮ ತಂದೆಯ ತಮ್ಮ. ಅವರು ನನ್ನನ್ನು ನೋಡಿ ಬೆರಗಾಗಿ, ಆಮೇಲೆ ಕಣ್ಣಲ್ಲಿ ನೀರು ತಂದುಕೊಂಡರು.

“ಎಲಾ ಇವನ, ಮದುಮಗ ಖುದ್ದ ನನ್ನ ಕರಕೊಳ್ಳಾಕ ಬಂದಾನಲ್ಲೋ! ಇಂಥಾ ಮರ್ಯಾದಿ ನಮ್ಮ ಮನಿತನದಾಗ ಯಾರಿಗೂ ಸಿಕ್ಕಿಲ್ಲ!” ಎಂದರು.

ಅವರ ಭ್ರಮೆಯನ್ನು ಒಡೆಯಲು ನನಗೆ ಮನಸ್ಸಾಗಲಿಲ್ಲ, ಹೊತ್ತೂ ಇರಲಿಲ್ಲ. ಲಗಾಮು ಹಿಡೀರಿ ಕಾಕಾ, ಲಗೂ ನಡೀರಿ ಎಂದಷ್ಟೇ ಹೇಳಿದೆ. ಮೋಟಾರು ಮುಂದೆ ಹೋದದ್ದೇ ತಡ, ಬಿಜಲಿ ಅವರು ಹೇಳುವ ಮೊದಲೇ ಊರಿನ ಕಡೆ ತಿರುಗಿತ್ತು.

ಇತ್ತ ಹಂದರದಲ್ಲಿ ನಡೆದದ್ದನ್ನು ಮುಂದೆ ನನ್ನ ಅತ್ತೆಯವರು ಹೇಳಿದಂತೆ ಹೇಳುತ್ತೇನೆ. ವರ ಕುದುರೆಯ ಸಮೇತ ಮಾಯವಾದನೆಂಬ ಸುದ್ದಿ ಬಂದಾಗ ಯಾರಾದರೊಬ್ಬರು, ಅದು ಮೋಟಾರಿನ ಕುದುರೆ, ಮೋಟಾರಿಗೆ ಹೋಗಿದೆ ಎಂದು ನಕ್ಕುಬಿಟ್ಟಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಹಾಗೆ ಹೇಳಬಲ್ಲ ಮೌಲಾಸಾಬ ದಾರಿಯ ಮೇಲೆ ಏದುಸಿರು ಬಿಡುತ್ತ ಓಡುತ್ತಿದ್ದ. ಇದ್ದವರಿಗೆ ನೆನಪಾದದ್ದು ನನ್ನ ಕ್ರಿಯಾಪದ. ಅಂದು ಪಡಸಾಲೆಯಲ್ಲಿ ಆ ಶಬ್ದವನ್ನು ಕೇಳಿದವರೆಲ್ಲ ಈಗ ಹಣೆ ಹಣೆ ಚಚ್ಚಿಕೊಂಡರು. ದೊಡ್ಡಪ್ಪ ಎದ್ದು ನಿಂತರು.

“ಅಂವ ಅವತ್ತ ಹೇಳಿದ್ದ! ಕುದರಿ ಹತ್ತಿ ಹೊಂಟು ಹೋಗೂದು, ಆಮ್ಯಾಲ ಏನೂ ಇಲ್ಲ ಅಂತ, ನನ್ನ ಮುಂದ ಹೇಳ್ಯಾನ. ಮೋಟಾರಿನ ಹೊತ್ತ ನೋಡೇ ಕುದರಿ ಹತ್ಯಾನ. ಇಷ್ಟೊತ್ತಿಗೆ ಸೊಲ್ಲಾಪುರದ ದಾರಿ ಹಿಡದಿರತಾನ.”

ಹಂದರದಲ್ಲಿ ಕುಳಿತ ವಧುವಿನ ಮುಹೂರ್ತ ತಪ್ಪಿದರೆ ಆ ಕಾಲದಲ್ಲಿ ಏನಾಗುತ್ತಿತ್ತೆಂಬುದನ್ನು ಈಗಿನವರಿಗೆ ವಿವರಿಸುವುದು ಕಷ್ಟ. ಆ ಹುಡುಗಿಯನ್ನು ಮತ್ತೆ ಯಾರೂ ಕೇಳಿಕೊಂಡು ಬರುತ್ತಿರಲಿಲ್ಲ. ಅದಕ್ಕೆ ಹಿರಿಯರ ಬಳಿ ಒಂದು ಸಿದ್ಧ ಉಪಾಯವಿರುತ್ತಿತ್ತು: ಅದೇ ಮುಹೂರ್ತದಲ್ಲಿ ಬಂಧುಗಳೊಳಗೇ ಒಬ್ಬನನ್ನು ತಂದು ಕೂರಿಸಿ ಅಕ್ಷತೆ ಹಾಕಿಬಿಡುವುದು. ದೊಡ್ಡಪ್ಪ ಸುತ್ತ ನೋಡಿದರು. ಕಾಶಮ್ಮನ ಸೋದರತ್ತೆಯ ಮಗ ಬಂಡೆಪ್ಪ, ಪಾಪ, ಬೆಳಗಿನಿಂದ ನೀರಿನ ಹಂಡೆ ಹೊತ್ತು ಬಳಲಿ ಕಂಬಕ್ಕೊರಗಿ ಕುಳಿತಿದ್ದ. ಆತನಿಗೆ ಏಳು, ಮೈ ತೊಳಕೋ, ಮಡಿ ಧೋತರ ಉಟ್ಕೋ ಎಂದು ಅಪ್ಪಣೆಯಾಯಿತು. ವಕೀಲರು ಬೀದಿಗೆ ಹೋಗಿ ದಾರಿ ನೋಡಿ ಬಂದರು. ಹೆಂಗಸರು ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅಳತೊಡಗಿದರು.

ಆಗ ಒಳಗೆ ಮಣೆಯ ಮೇಲೆ ಕುಳಿತಿದ್ದ ಕಾಶಮ್ಮ ತಲೆ ಎತ್ತಿದಳು.

“ಅವ್ವಾ, ಆ ಕುದರಿ ಮೋಟಾರಿಗೆ ಹೋಗ್ಯದ. ಮೋಟಾರು ಬಂದ ಮ್ಯಾಲ ತಿರುಗಿ ಬರತದ. ಮ್ಯಾಲಿನ ಕಿಡಕ್ಯಾಗಿಂದ ನಾ ದಿನಾ ನೋಡೀನಿ. ಅದು ಬರೂತನ ನಾ ಈ ಮಣಿ ಬಿಟ್ಟು ಏಳಂಗಿಲ್ಲ.”

ದೊಡ್ಡಪ್ಪ ಬಾಗಿಲಿಗೆ ಬಂದರು. “ಕುದರಿ ಬರತದವ್ವ. ಮದುಮಗ ಬರತಾನೇನು?”

“ಬರಲಿಲ್ಲಂದ್ರ ಅವಾಗ ನೋಡೂಣ್ರಿ ದೊಡ್ಡಪ್ಪ. ಮೊದಲ ಕುದರಿ ಬರಲಿ.”

ಆ ಮನೆಯಲ್ಲಿ ದೊಡ್ಡಪ್ಪನಿಗೆ ಎದುರು ಮಾತಾಡಿದ ಹೆಣ್ಣುಮಗಳು ಆಕೆಯೇ ಮೊದಲನೆಯವಳಂತೆ. ಕೂಗಿ ಹೇಳಲಿಲ್ಲ, ಅಳಲಿಲ್ಲ, ಸುಮ್ಮನೆ ಹೇಳಿ ಮತ್ತೆ ತಲೆ ತಗ್ಗಿಸಿಕೊಂಡಳಂತೆ. ಶಾಸ್ತ್ರಿಗಳು ಆಕಾಶ ನೋಡಿ, ಇನ್ನೂ ಸ್ವಲ್ಪ ಬೆಳಕಿದೆ ಎಂದರು. ಬಂಡೆಪ್ಪ ಮಡಿ ಧೋತರ ಉಟ್ಟುಕೊಂಡು ಒದ್ದೆ ತಲೆಯಲ್ಲಿ ಹಂದರದ ಒಂದು ಮೂಲೆಯಲ್ಲಿ ನಿಂತ. ಎಲ್ಲರೂ ಬೀದಿಯ ಕಡೆ ಕಿವಿಗೊಟ್ಟು ಕುಳಿತರು. ನಾನು ಬಂದು ಇಳಿದಾಗ ನನ್ನ ಕಡೆ ನೋಡಿ ಯಾರೂ ನಗಲಿಲ್ಲ. ಬಂಡೆಪ್ಪ ಮಾತ್ರ ಓಡಿ ಬಂದು ನನ್ನ ಎರಡೂ ಕೈ ಹಿಡಿದುಕೊಂಡ, ಆತನಷ್ಟು ಸಂತೋಷಪಟ್ಟವರು ಆ ದಿನ ಇನ್ನೊಬ್ಬರಿರಲಿಲ್ಲ. ಹತ್ತಿಸಿ ಇಟ್ಟ ಗ್ಯಾಸ್‌ಬತ್ತಿಯ ಬೆಳಕಿನಲ್ಲಿ ಅಂತರಪಟ ಹಿಡಿದರು, ಮಂತ್ರ ಹೇಳಿದರು, ಅಂತರಪಟ ಸರಿಸಿದರು. ವಧು ವರನ ಮುಖ ನೋಡಬೇಕಾದ ಆ ಶುಭ ಕ್ಷಣದಲ್ಲಿ ಆಕೆ ನನ್ನ ಧೋತರಕ್ಕೆ ಮೆತ್ತಿದ್ದ ಸಡಕಿನ ಕೆಂಪು ಧೂಳನ್ನು ನೋಡುತ್ತಿದ್ದಳು. ಹೊಲಸಾಗಿ ಬಂದೆನೆಂದು ನನಗೆ ನಾಚಿಕೆಯಾಯಿತು.

ಮರುದಿನ ಆಕೆಯನ್ನು ಹುಮನಾಬಾದಿಗೆ ಕರೆದುಕೊಂಡು ಬಂದೆವು. ವಕೀಲರ ಮನೆತನದ ಹೆಣ್ಣುಮಕ್ಕಳು ಆಗ ಹಾಗೆಯೇ ಪ್ರಯಾಣ ಮಾಡಬೇಕಾಗಿತ್ತು: ಟಾಂಗಾದ ಸುತ್ತ ದಪ್ಪ ಚಾದರ ಕಟ್ಟಿ, ಮೋಟಾರಿನಲ್ಲಿ ಹೆಂಗಸರ ಕಡೆಗೂ ಪರದೆ ಇಳಿಬಿಟ್ಟು. ನಮ್ಮ ಮನೆಗೆ ಬಂದು ಹೊಸ್ತಿಲ ಮೇಲಿನ ಅಕ್ಕಿ ಸೇರು ಒದ್ದು ಒಳಗೆ ಬಂದಳು. ಅಂದಿನಿಂದ ನಮ್ಮ ಮನೆಯಲ್ಲಿ ಆ ಕ್ರಿಯಾಪದ ಬಳಕೆಗೆ ಬಂತು, ಇಂಗ್ಲೆಂಡಿನಲ್ಲಿ ಆಗದೆ ಹೋದದ್ದು ಹುಮನಾಬಾದಿನಲ್ಲಿ ಆಯಿತು. ನಾನು ಪೇಟೆಗೆ ಹೋಗಿ ತಡವಾದರೆ ತಂಗಿಯರು, ಅಣ್ಣ ಮತ್ತ ಕುದರಿ ಹತ್ತಿದನೇನು ಎಂದು ನಗುತ್ತಿದ್ದರು. ಅಳಿಯತನಕ್ಕೆಂದು ಕಲ್ಯಾಣಿಗೆ ಹೋದಾಗಲೆಲ್ಲ ದೊಡ್ಡಪ್ಪ, ಹ್ಯಾಂಗ ಬಂದ್ರಿ, ಮೋಟಾರಿಗೋ ಕುದರಿಗೋ ಎಂದು ಕೇಳದೆ ಬಿಡುತ್ತಿರಲಿಲ್ಲ. ಅವರು ಬದುಕಿರುವವರೆಗೂ ನಾನು ಓಡಿಹೋಗಿ ಮನಸ್ಸು ಬದಲಿಸಿ ಬಂದವನೆಂದೇ ನಂಬಿದ್ದರು.

ಇವೆಲ್ಲವನ್ನೂ ಸಹಿಸಿಕೊಂಡೆ. ಸಹಿಸಲಾಗದ್ದೆಂದರೆ ನಮ್ಮಾಕೆಯ ಪ್ರಶ್ನೆ. ಮದುವೆಯಾದ ಹೊಸದರಲ್ಲಿ, ಮಕ್ಕಳಾದ ಮೇಲೆ, ಮಕ್ಕಳ ಮದುವೆಗಳ ಗದ್ದಲದ ನಡುವೆ ಕೂಡ, ಯಾವುದೋ ಕೆಲಸದ ನಡುವೆ ಕೈ ನಿಲ್ಲಿಸಿ ಆಕೆ ಕೇಳುತ್ತಿದ್ದಳು: “ಅವತ್ತ ಸಡಕ ಹ್ಯಾಂಗಿತ್ರಿ?” ನಾನು ತಕ್ಷಣ ಸಮರ್ಥನೆಗೆ ತೊಡಗುತ್ತಿದ್ದೆ. ಲಗಾಮು ನನ್ನ ಕೈಯಲ್ಲಿರಲಿಲ್ಲ, ಕುದುರೆ ತಾನಾಗಿ ಹೋಯಿತು, ಆಯಿ ಇಳಿಯಬೇಡವೆಂದಿದ್ದಳು, ಓಡಿಹೋಗುವವನು ಬಾಸಿಂಗ ಕಟ್ಟಿಕೊಂಡು ಓಡುತ್ತಾನೆಯೇ, ಕಾಕಾರನ್ನೇ ಬೇಕಾದರೆ ಕೇಳು. ಆಕೆ ಪೂರ್ತಿ ಕೇಳಿಸಿಕೊಂಡು, “ಹೌದ್ರಿ,” ಎಂದು ಮತ್ತೆ ಕೆಲಸಕ್ಕೆ ತೊಡಗುತ್ತಿದ್ದಳು. ಆ ‘ಹೌದ್ರಿ’ಯಲ್ಲಿ ನನಗೆ ಬೇಕಾದ ಬಿಡುಗಡೆ ಇರುತ್ತಿರಲಿಲ್ಲ. ಇಡೀ ಜಗತ್ತು ನನ್ನನ್ನು ಪಲಾಯನ ಮಾಡಿದವನೆನ್ನಲಿ, ಈಕೆಯೊಬ್ಬಳು ನಂಬಬಾರದೇ ಎಂದು ಒಳಗೊಳಗೇ ಕೊರಗುತ್ತಿದ್ದೆ. ಅಂದು ಹಂದರದಲ್ಲಿ ಕೂಡ ಆಕೆ ನಂಬಿದ್ದು ಕುದುರೆಯನ್ನು, ನನ್ನನ್ನಲ್ಲ ಎಂಬ ಮುಳ್ಳು ಬೇರೆ ಇತ್ತು. ಗಂಡಸಿಗೆ ಮುಪ್ಪಿನಲ್ಲೂ ಹೋಗದ ಕೆಲವು ಅಭಿಮಾನಗಳಿರುತ್ತವೆ, ನಗಬೇಡಿ.

ಮೊನ್ನೆ ಆ ಹೊಸ ನಿಘಂಟನ್ನು ಮುಚ್ಚಿ ಮೊಮ್ಮಗಳ ಕೈಗೆ ಕೊಟ್ಟು ಹಿತ್ತಿಲ ಕಟ್ಟೆಗೆ ಬಂದೆ. ನಮ್ಮಾಕೆ ಮೊರದಲ್ಲಿ ತೊಗರಿಬೇಳೆ ಹಸನು ಮಾಡುತ್ತಿದ್ದಳು. ಸಂಜೆಯ ಬಿಸಿಲು ಆಕೆಯ ಬಿಳಿಗೂದಲಿನ ಮೇಲಿತ್ತು. ನನ್ನ ಶಬ್ದ ಇದರಲ್ಲಿಯೂ ಇಲ್ಲ ಎಂದೆ. ಹೋಗಲಿ ಬಿಡ್ರಿ ಎಂದಳು. ಇಷ್ಟು ವರ್ಷ ಎಂದೂ ಕೇಳದಿದ್ದ ಒಂದು ಮಾತು ಅಂದು ಯಾಕೋ ಬಾಯಿಗೆ ಬಂತು.

“ಕುದರಿ ಖಾಲಿ ಬಂದಿದ್ರ ಏನ್ ಮಾಡ್ತಿದ್ದಿ? ಬಂಡೆಪ್ಪನ್ನ ಮಾಡ್ಕೋತಿದ್ದೇನು?”

ಆಕೆ ಒಂದು ಕಲ್ಲು ಆರಿಸಿ ಪಕ್ಕಕ್ಕೆ ಹಾಕಿದಳು. “ಇಲ್ರಿ. ಕುದರಿ ಹತ್ತತಿದ್ದೆ.”

ಇಷ್ಟು ದಿನ ಕಾಯ್ದ ನಂಬಿಕೆ ಕೊನೆಗೂ ಸಿಕ್ಕಿತೆಂದುಕೊಂಡೆ. “ನನ್ನ ಹುಡಕಾಕ?” ಎಂದೆ.

ಆಕೆ ಮೊರವನ್ನು ತೊಡೆಯ ಮೇಲಿಟ್ಟುಕೊಂಡಳು. ಕಿಟಕಿಯಲ್ಲಿ ನಿಂತು ದಿನಾ ಒಂದು ಕುದುರೆ ಧೂಳಿನಲ್ಲಿ ಕಾಣದಾಗುವುದನ್ನು ನೋಡಿದ, ಆಮೇಲೆ ಅದೇ ಧೂಳಿನಲ್ಲಿ ಚಾದರ ಕಟ್ಟಿದ ಟಾಂಗಾದೊಳಗೆ ದಾರಿ ಕಾಣದೆ ಕುಳಿತು ಬಂದ ಹುಡುಗಿ ಆಕೆಯೆಂಬುದು ನನಗೆ ಆಗ ಹೊಳೆಯಿತು.

“ಮೊದಲ ಸಡಕ ನೋಡ್ತಿದ್ದೆರಿ,” ಎಂದಳು. “ನಿಮ್ಮನ್ನ ಆಮ್ಯಾಲ.”

ನಾನು ಆಕೆಯ ಪಕ್ಕದಲ್ಲಿ ಕುಳಿತುಕೊಂಡೆ. ಕೊನೆಯ ಮನೆಗಳು ಹಿಂದೆ ಸರಿದ ಮೇಲೆ ಬಲಗಡೆ ಹಳೆಯ ಗುಮ್ಮಟಗಳು ಬರುತ್ತವೆ ಎಂದು ಹೇಳತೊಡಗಿದೆ, ಬಣಿವೆಗಳ ನೆರಳು ಎಷ್ಟು ಉದ್ದ ಬಿದ್ದಿತ್ತೆಂದು ಹೇಳಿದೆ, ಧೂಳಿನ ಬಣ್ಣ ಹೇಳಿದೆ. ಆಕೆ ಬೇಳೆ ಹಸನು ಮಾಡುವುದನ್ನು ಬಿಟ್ಟು ಕೇಳುತ್ತಿದ್ದಳು.